ಸ್ವಂತ ಮನೆಗೆ ಕ್ಯಾಮೆರಾ ಹಿಡಿದವರು

ಕಾರ್ಕಳದ ಪಕ್ಕದಲ್ಲೇ ಮಿಯಾರು. ಕಂಬಳದಿಂದಾಗಿ ಆ ಊರಿನ ಹೆಸರು ನಮ್ಮ ಓದುಗರಲ್ಲಿ ಬಹಳ ಮಂದಿಗೆ ಗೊತ್ತುಂಟು. ಅಲ್ಲಿದ್ದ ಒಂದು ಹಳೇ ಮನೆ ಈಗ ಅಲ್ಲಿಲ್ಲ. ಅದು ಬಿದ್ದುಹೋದದ್ದಲ್ಲ, ಜೆಸಿಬಿ ತಂದು ಕೆಡವಿದ್ದೂ ಅಲ್ಲ. ಬಿಚ್ಚಿದ್ದು. ಬಿಚ್ಚಿದ ಮನೆಯನ್ನು ಮಣಿಪಾಲಕ್ಕೆ ಸಾಗಿಸಿ, ಅಲ್ಲಿನ ಹಸ್ತಶಿಲ್ಪ ಹೆರಿಟೇಜ್ ವಿಲೇಜ್‌ನಲ್ಲಿ ಮತ್ತೆ ಎಬ್ಬಿಸಿ ನಿಲ್ಲಿಸಿದ್ದಾರೆ. ಟಿಕೆಟ್ ತೆಗೆದವರು ಒಳಗೆ ಹೋಗಿ ನೋಡಬಹುದು.

ಆ ಮನೆತನದಲ್ಲಿ ಒಬ್ಬರು ಸಿನಿಮಾದವರಿದ್ದರು. ಹೆಸರು ರಾಮಚಂದ್ರ ಪಿ.ಎನ್. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ನಿರ್ದೇಶನ ಕಲಿತು ಮುಂಬೈಯಲ್ಲಿ ನೆಲೆಸಿದವರು. ತಮ್ಮ ಹಿರಿಯರ ಮನೆ ಜಾಗ ಬಿಟ್ಟು ಹೋಗುವ ಈ ಸಂಗತಿಯನ್ನೇ ಅವರು ಸಾಕ್ಷ್ಯಚಿತ್ರ ಮಾಡಿದರು. 2011ರ ಆ ಚಿತ್ರದ ಹೆಸರು ‘ಮಿಯಾರ್ ಹೌಸ್’.

ಇದನ್ನು ಹುಬ್ಬಳ್ಳಿಯ ವಿದ್ಯಾನಗರದಲ್ಲಿ ಕೂತು ಬರೆಯುವುದಕ್ಕೆ ಎರಡು ಕಾರಣ ಉಂಟು. ಒಂದು, ವಿದ್ಯಾನಗರ ಅಂದರೆ ಕಿಮ್ಸ್ ಆಸ್ಪತ್ರೆ, ಬಿವಿಬಿ ಕಾಲೇಜು ಇರುವ ಜಾಗ. ಓದಲಿಕ್ಕೆ ಬಂದವರು, ವ್ಯಾಪಾರಕ್ಕೆ ಬಂದವರು, ಮಕ್ಕಳ ಓದಿಗೆಂದು ಬಂದು ಇಲ್ಲೇ ಉಳಿದವರು ಅಂತ ನಮ್ಮ ಕರಾವಳಿಯ ಮನೆಗಳು ಇಲ್ಲಿಯೂ ಉಂಟು. ಇವರಲ್ಲಿ ಯಾರನ್ನು ಕೇಳಿದರೂ ಊರಿನ ಮನೆಯ ಬಗ್ಗೆ ಒಂದೇ ಉತ್ತರ: ‘ಬೀಗ ಹಾಕಿ ಉಂಟು.’ ಬೀಗ ಹಾಕಿದ ಹಂಚಿನ ಮನೆ ಎಷ್ಟು ಮಳೆಗಾಲ ತಾಳುತ್ತದೆ ಅಂತ ನಾವು ನಿಮಗೆ ಹೇಳಬೇಕಾಗಿಲ್ಲ. ಎರಡನೇ ಕಾರಣ, ಇದೇ ರಾಮಚಂದ್ರ ಅವರ ಇನ್ನೊಂದು ಚಿತ್ರ ಈ ಧಾರವಾಡ ಸೀಮೆಯದ್ದು. ಅದಕ್ಕೆ ಆಮೇಲೆ ಬರುವ.

ಮೊದಲು ಮನೆಯ ವಿಷಯ. ಹಳೇ ಮನೆ ಬಿಚ್ಚುವುದೆಂದರೆ ಗುಜರಿಯವ ಬಂದು ಮರ ತೂಗಿಸಿಕೊಂಡು ಹೋದ ಹಾಗಲ್ಲ. ಯಾವ ಕಂಬ ಯಾವ ಮೂಲೆಯದ್ದು, ಯಾವ ಪಕ್ಕಾಸು ಎಲ್ಲಿ ಕೂರುತ್ತದೆ, ಯಾವ ಬಾಗಿಲಿಗೆ ಯಾವ ದಾರಂದ ಎಂಬುದಕ್ಕೆಲ್ಲ ಗುರುತು ಬೇಕು. ಇಲ್ಲದಿದ್ದರೆ ಮತ್ತೆ ಜೋಡಿಸುವಾಗ ಬಡಗಿಗೆ ತಲೆಬುಡ ತಿಳಿಯುವುದಿಲ್ಲ. ಈ ಕೆಲಸವನ್ನು ಛಲ ಹಿಡಿದು ಮಾಡಿದವರು ಮಣಿಪಾಲದ ವಿಜಯನಾಥ ಶೆಣೈ. ಬ್ಯಾಂಕಿನಲ್ಲಿ ಕೆಲಸ ಮಾಡಿದವರು. ಊರೂರಿನಲ್ಲಿ ಹಾಳು ಬೀಳುತ್ತಿದ್ದ, ಕೆಡವಲಿಕ್ಕೆ ಇಟ್ಟಿದ್ದ ಮನೆಗಳನ್ನು ಹುಡುಕಿ ತಂದು ಮಣಿಪಾಲದ ಆರು ಎಕರೆಯಷ್ಟು ಜಾಗದಲ್ಲಿ ನಿಲ್ಲಿಸಿದರು. ಕುಂಜೂರಿನ ಚೌಕಿ ಮನೆ ಅಲ್ಲುಂಟು. ನಮ್ಮವರು ಹೋದರೆ ಮರೆಯದೆ ನೋಡಬೇಕಾದ್ದು ಬೀದರ್ ಕಡೆಯ ಹುಮನಾಬಾದಿನಿಂದ ತಂದ ನವಾಬ್ ಮಹಲ್. ಶೆಣೈ 2017ರಲ್ಲಿ ತೀರಿಕೊಂಡರು. ಅವರು ಇಲ್ಲದಿದ್ದರೆ ಆ ಮನೆಗಳಲ್ಲಿ ಹೆಚ್ಚಿನವು ಒಲೆಗೆ ಸೌದೆಯಾಗಿ ಹೋಗುತ್ತಿದ್ದವು.

ಆದರೂ ಒಂದು ಮಾತು ಹೇಳಲೇಬೇಕು. ಅಲ್ಲಿನ ಅಡುಗೆ ಕೋಣೆಯಲ್ಲಿ ಒಲೆ ಉರಿಯುವುದಿಲ್ಲ. ಚಾವಡಿಯಲ್ಲಿ ಜಗಳ ಆಗುವುದಿಲ್ಲ. ಮಗು ಹುಟ್ಟುವುದಿಲ್ಲ, ಮಯ್ಯತ್ತು ಹೊರಡುವುದಿಲ್ಲ. ಮರ ಉಳಿಯಿತು, ಮನೆಯವರು ಹೋದರು. ಯಾರು ಎಲ್ಲಿ ಮಲಗುತ್ತಿದ್ದರು, ಯಾರಿಗೆ ಯಾವ ಬಾಗಿಲಿನಿಂದ ಒಳಗೆ ಬರಲಿಕ್ಕೆ ಬಿಡುತ್ತಿರಲಿಲ್ಲ, ಯಾವ ಪಾಲಿನ ತಕರಾರಿನಿಂದ ಅಣ್ಣತಮ್ಮಂದಿರು ಮಾತು ಬಿಟ್ಟರು ಎಂಬುದನ್ನು ಕಂಬದ ಮೇಲೆ ಹಾಕಿದ ಗುರುತು ಹೇಳುವುದಿಲ್ಲ. ಅದನ್ನು ಹೇಳಬೇಕಾದವರು ಆ ಮನೆಯಲ್ಲಿ ಬದುಕಿದ ಜನ. ಮನೆಯ ಮಗನೊಬ್ಬ ಕ್ಯಾಮೆರಾ ಹಿಡಿದು ನಿಲ್ಲುವುದಕ್ಕೆ ಬೆಲೆ ಬರುವುದು ಇಲ್ಲಿ.

ಇಂಥ ಚಿತ್ರಗಳಿಗೆ ಆತ್ಮಕಥನದ ಸಾಕ್ಷ್ಯಚಿತ್ರ ಅನ್ನುತ್ತಾರೆ. ಹೆಸರು ದೊಡ್ಡದಾಯಿತು. ಸರಳವಾಗಿ ಹೇಳುವುದಾದರೆ, ಚಿತ್ರ ಮಾಡುವವನು ಬೇರೆಯವರ ಮನೆಗೆ ಹೋಗದೆ ತನ್ನ ಮನೆಯ, ತನ್ನ ಬದುಕಿನ ಕಡೆಗೇ ಕ್ಯಾಮೆರಾ ತಿರುಗಿಸುವುದು. ಕೇಳಲಿಕ್ಕೆ ಸುಲಭ. ಮಾಡಲಿಕ್ಕೆ ಇದರಷ್ಟು ಕಷ್ಟದ್ದು ಬೇರೆ ಇಲ್ಲ ಅಂತ ನಮಗೆ ತೋರುತ್ತದೆ. ಹೊರಗಿನವರ ಚಿತ್ರ ಮಾಡಿದರೆ ಮುಗಿಸಿ ಎದ್ದು ಬರಬಹುದು. ಸ್ವಂತ ಮನೆಯದ್ದು ಮಾಡಿದರೆ ಮರುದಿನ ಅದೇ ಉಮ್ಮನ ಎದುರು ಊಟಕ್ಕೆ ಕೂರಬೇಕು.

ರಾಮಚಂದ್ರ ಅವರು ಇಲ್ಲಿಗೆ ಒಮ್ಮೆಲೇ ಬಂದವರಲ್ಲ. ಅವರ ತುಳು ಚಿತ್ರ ‘ಸುದ್ದ’ ನಾರಾಯಣ ನಂದಳಿಕೆ ಅವರ ‘ಬೊಜ್ಜ’ ನಾಟಕದಿಂದ ಬಂದದ್ದು. ಗತ್ತು ಹೋದ ಹಳೇ ಗುತ್ತಿನ ಮನೆ, ಒಂದು ಸಾವು, ಆ ಸಾವಿನ ಕ್ರಿಯೆಗಳು. ದೊಡ್ಡ ದುಡ್ಡಿಲ್ಲದೆ ಡಿಜಿಟಲ್ ಕ್ಯಾಮೆರಾದಲ್ಲಿ ಮಾಡಿದ ಚಿತ್ರ. 2006ರಲ್ಲಿ ದಿಲ್ಲಿಯ ಓಶಿಯನ್ಸ್ ಸಿನೆಫ್ಯಾನ್ ಉತ್ಸವದಲ್ಲಿ ಭಾರತದ ಅತ್ಯುತ್ತಮ ಚಿತ್ರ ಅಂತ ಪ್ರಶಸ್ತಿ ಪಡೆಯಿತು. ಅದಾದ ಮೇಲೆ 2009ರ ‘ಪುಟಾಣಿ ಪಾರ್ಟಿ’. ಮಕ್ಕಳ ಚಲನಚಿತ್ರ ಸೊಸೈಟಿಯ ನಿರ್ಮಾಣ. ಊರಿನ ಮಕ್ಕಳ ಸಮಿತಿಯೊಂದು ದೊಡ್ಡವರ ಎದುರು ತನ್ನ ಮಾತು ನಡೆಸಲಿಕ್ಕೆ ಹೊರಡುವ ಕಥೆ. ಮಕ್ಕಳು ಆಡುವುದು ಈ ಕಡೆಯ, ಅಂದರೆ ಧಾರವಾಡದ ಕನ್ನಡ. 57ನೇ ರಾಷ್ಟ್ರೀಯ ಪ್ರಶಸ್ತಿಯಲ್ಲಿ ಮಲಯಾಳದ ‘ಕೇಶು’ ಜತೆಗೆ ಅತ್ಯುತ್ತಮ ಮಕ್ಕಳ ಚಿತ್ರದ ಗೌರವ ಹಂಚಿಕೊಂಡಿತು. ತುಳುನಾಡಿನವರೊಬ್ಬರು ಇಲ್ಲಿನ ಮಾತನ್ನು ಇಲ್ಲಿನವರ ಬಾಯಿಂದಲೇ ಕೇಳಿಸಿದರಲ್ಲ ಎಂಬ ಖುಷಿ ನಮ್ಮಂಥ ಎರಡೂ ಕಡೆಯವರಿಗೆ. ನಮ್ಮ ಮನೆಯ ಮಕ್ಕಳು ಉಮ್ಮನ ಹತ್ತಿರ ಬ್ಯಾರಿ ಭಾಷೆ, ಬೀದಿಗೆ ಇಳಿದರೆ ‘ಹೌದಲ್ರೀ, ಬರ್ತೇನ್ರೀ’.

ಪ್ರಶಸ್ತಿ ಬಂದ ಮಾತ್ರಕ್ಕೆ ಸ್ವತಂತ್ರವಾಗಿ ಚಿತ್ರ ಮಾಡುವವರ ದಾರಿ ಸಲೀಸಾಗುವುದಿಲ್ಲ. ದುಡ್ಡು ತಾನೇ ಹೊಂದಿಸಬೇಕು, ಇಲ್ಲದಿದ್ದರೆ ಸಣ್ಣ ಅನುದಾನಕ್ಕೆ ಕೈ ಚಾಚಬೇಕು. ಥಿಯೇಟರ್‌ನವರು ಸಾಕ್ಷ್ಯಚಿತ್ರ ಹಾಕುವುದಿಲ್ಲ. ಉತ್ಸವಗಳಲ್ಲಿ ತೋರಿಸುವ ಅಂದರೆ ಸೆನ್ಸಾರ್ ಪತ್ರ ಇಲ್ಲದ ಚಿತ್ರಕ್ಕೆ ಕೇಂದ್ರ ಸರ್ಕಾರದ ವಿನಾಯಿತಿ ಬೇಕು. ರೋಹಿತ್ ವೇಮುಲ ಅವರ ಸಾವಿನ ನಂತರದ ಹೈದರಾಬಾದ್ ವಿಶ್ವವಿದ್ಯಾಲಯದ ಕುರಿತು ರಾಮಚಂದ್ರ ಮಾಡಿದ ‘ದಿ ಅನ್‌ಬೇರಬಲ್ ಬೀಯಿಂಗ್ ಆಫ್ ಲೈಟ್‌ನೆಸ್’ಗೆ 2017ರಲ್ಲಿ ಕೇರಳದ ಸಾಕ್ಷ್ಯಚಿತ್ರೋತ್ಸವಕ್ಕಾಗಿ ಆ ವಿನಾಯಿತಿ ಸಿಗಲಿಲ್ಲ. ಅದರ ಜತೆ ಇನ್ನೆರಡು ಚಿತ್ರಗಳಿಗೂ ಸಿಗಲಿಲ್ಲ. ಆ ವಿಷಯ ಆಗ ಪತ್ರಿಕೆಗಳಲ್ಲಿ ಬಂದಿತ್ತು.

ಕನ್ನಡದಲ್ಲಿ ಮನೆಯವರ ಮೇಲೇ ಮಾಡಿದ ಚಿತ್ರ ಅಂದಾಗ ಕವಿತಾ ಲಂಕೇಶ್ ಅವರದ್ದನ್ನು ಬಿಡಲಿಕ್ಕಾಗುವುದಿಲ್ಲ. ಅವರ ಮೊದಲ ಸಿನಿಮಾ ‘ದೇವೀರಿ’ ತಂದೆ ಪಿ. ಲಂಕೇಶ್ ಬರೆದ ‘ಅಕ್ಕ’ ಎಂಬ ಕಥೆಯದ್ದು. 2017ರ ಸೆಪ್ಟೆಂಬರ್ 5ರ ರಾತ್ರಿ ಸ್ವಂತ ಅಕ್ಕ ಗೌರಿ ಬೆಂಗಳೂರಿನಲ್ಲಿ ತಮ್ಮ ಮನೆ ಬಾಗಿಲಲ್ಲೇ ಗುಂಡಿಗೆ ಬಲಿಯಾದರು. ಐದು ವರ್ಷದ ಮೇಲೆ, 2022ರಲ್ಲಿ, ತಂಗಿ ಮಾಡಿದ ಸಾಕ್ಷ್ಯಚಿತ್ರ ‘ಗೌರಿ’ ಬಂತು. ಟೊರಾಂಟೊದ ಮಹಿಳಾ ಚಿತ್ರೋತ್ಸವದಲ್ಲಿ ಉತ್ತಮ ದೀರ್ಘ ಸಾಕ್ಷ್ಯಚಿತ್ರ ಪ್ರಶಸ್ತಿಯನ್ನೂ ಪಡೆಯಿತು. ಗೌರಿಯವರನ್ನು ಒಪ್ಪುವವರಿದ್ದಾರೆ, ಒಪ್ಪದವರಿದ್ದಾರೆ. ಊರೆಲ್ಲ ಮಾತಾಡುವ ಒಂದು ಸಾವಿನ ಬಗ್ಗೆ ಒಡಹುಟ್ಟಿದವಳು ಮಾತಾಡುವುದು ಬೇರೆಯೇ. ಟಿವಿಯಲ್ಲಿ ಅದು ‘ಕೇಸು’. ತಂಗಿಗೆ ಅದು ಅಕ್ಕ.

ದಿಲ್ಲಿಯ ಸಮೀನಾ ಮಿಶ್ರಾ ಅವರ ‘ದಿ ಹೌಸ್ ಆನ್ ಗುಲ್‌ಮೊಹರ್ ಅವೆನ್ಯೂ’ ಇನ್ನೊಂದು. 2005ರದ್ದು, ಅರ್ಧ ಗಂಟೆಯ ಚಿತ್ರ. ಜಾಮಿಯಾ ಹತ್ತಿರದ ಓಖ್ಲಾದಲ್ಲಿ ಅವರ ಕುಟುಂಬ ನಾಲ್ಕು ತಲೆಮಾರಿನಿಂದ ಇರುವುದು. ಹೆಚ್ಚಾಗಿ ಮುಸ್ಲಿಮರು ಇರುವ ಆ ಜಾಗಕ್ಕೆ ಹೊರಗಿನವರು ಕೊಟ್ಟ ಅಡ್ಡಹೆಸರುಗಳು ಏನು ಅಂತ ನಿಮಗೆ ಊಹೆ ಆದೀತು. ‘ನನ್ನ ಮನೆ ಎಲ್ಲಿ, ನಾನು ಯಾರು’ ಎಂದು ಅವರು ತಮ್ಮನ್ನೇ ಕೇಳಿಕೊಂಡು ಮಾಡಿದ ಚಿತ್ರ. ಬೊಬ್ಬೆ ಇಲ್ಲ, ಭಾಷಣ ಇಲ್ಲ. ಈ ವಿದ್ಯಾನಗರದಲ್ಲೂ ಬಾಡಿಗೆ ಮನೆ ಕೇಳಲು ಹೋದವರಿಗೆ ಮೊದಲು ಹೆಸರು, ಆಮೇಲೆ ‘ಮೀನು-ಮಾಂಸ ಮಾಡ್ತೀರೇನ್ರೀ’ ಅನ್ನುವ ಪ್ರಶ್ನೆ ಬಂದದ್ದುಂಟು. ಹೆಸರು ಕೇಳಿದ ಮೇಲೂ ‘ಬರ್ರೀ, ಒಳಗ ಕುಂದ್ರಿ, ಚಹಾ ಕುಡೀರಿ’ ಅಂದವರೂ ಉಂಟು. ಎರಡನ್ನೂ ಒಂದೇ ಚಿತ್ರದಲ್ಲಿ ಹೇಳಲಿಕ್ಕೆ ಧೈರ್ಯ ಬೇಕು. ಒಂದನ್ನೇ ಹೇಳಿದರೆ ಚಪ್ಪಾಳೆ ಜಾಸ್ತಿ ಬೀಳುತ್ತದೆ.

ದೂರದ ಎರಡು ಚಿತ್ರಗಳ ಹೆಸರು ನಮ್ಮ ಓದುಗರಲ್ಲಿ ಹಲವರು ಕೇಳಿರಬಹುದು. ಫೆಲೆಸ್ತೀನಿನ ಬಿಲ್‌ಇನ್ ಎಂಬ ಹಳ್ಳಿಯ ರೈತ ಇಮಾದ್ ಬುರ್ನಾತ್. 2005ರಲ್ಲಿ ನಾಲ್ಕನೇ ಮಗ ಜಿಬ್ರೀಲ್ ಹುಟ್ಟಿದಾಗ ಮಗುವಿನ ಚಿತ್ರ ತೆಗೆಯಲಿಕ್ಕೆಂದು ಒಂದು ಕ್ಯಾಮೆರಾ ತಂದರು. ಆಗಲೇ ಊರಿನ ಹೊಲದಲ್ಲಿ ಇಸ್ರೇಲಿನ ತಡೆಗೋಡೆಯ ಕೆಲಸ, ಅದಕ್ಕೆ ಊರವರ ಪ್ರತಿಭಟನೆ ಶುರುವಾಗಿತ್ತು. ಮಗು ಬೆಳೆಯುವುದೂ ಪ್ರತಿಭಟನೆಯೂ ಒಂದೇ ಕ್ಯಾಮೆರಾದಲ್ಲಿ ಸೇರಿಕೊಂಡವು. ಒಂದರ ನಂತರ ಒಂದು ಐದು ಕ್ಯಾಮೆರಾ ಮುರಿದವು. ಚಿತ್ರದ ಹೆಸರೇ ‘ಫೈವ್ ಬ್ರೋಕನ್ ಕ್ಯಾಮೆರಾಸ್’. ಗೈ ದಾವಿದಿ ಎಂಬ ಇಸ್ರೇಲಿ ನಿರ್ದೇಶಕ ಜತೆಗೂಡಿ ಅದನ್ನು ಮುಗಿಸಿದರು. ಆಸ್ಕರ್ ನಾಮನಿರ್ದೇಶನದವರೆಗೆ ಹೋಯಿತು.

ಇನ್ನೊಂದು ಸಿರಿಯಾದ ವಅದ್ ಅಲ್ ಕತೀಬ್ ಅವರ ‘ಫಾರ್ ಸಮಾ’, 2019ರದ್ದು. ಮುತ್ತಿಗೆಗೆ ಸಿಕ್ಕಿದ ಅಲೆಪ್ಪೊದಲ್ಲಿ ಆಸ್ಪತ್ರೆ ನಡೆಸುತ್ತಿದ್ದ ಡಾಕ್ಟರರ ಹೆಂಡತಿ ಆಕೆ. ಅಲ್ಲೇ ಮದುವೆ, ಅಲ್ಲೇ ಹೆರಿಗೆ. ಮಗಳಿಗೆ ಸಮಾ ಅಂತ ಹೆಸರಿಟ್ಟರು. ಸಮಾ ಅಂದರೆ ಆಕಾಶ. ಬಾಂಬು ಬೀಳುವ ಊರಿನಲ್ಲಿ ನಿನ್ನನ್ನು ಯಾಕೆ ಹೆತ್ತೆವು, ಯಾಕೆ ಓಡಿಹೋಗಲಿಲ್ಲ ಅಂತ ತಾಯಿ ಮಗಳಿಗೆ ಹೇಳುವುದೇ ಇಡೀ ಚಿತ್ರ. ಕಾನ್ ಉತ್ಸವದಲ್ಲಿ ಸಾಕ್ಷ್ಯಚಿತ್ರದ ಪ್ರಶಸ್ತಿ, ಬ್ರಿಟನ್ನಿನ ಬಾಫ್ಟಾ ಎರಡೂ ಬಂದವು. ಮಕ್ಕಳನ್ನು ಕೂರಿಸಿಕೊಂಡು ನೋಡುವ ಚಿತ್ರ ಅಲ್ಲ, ಮೊದಲೇ ಹೇಳುತ್ತೇವೆ. ಆಸ್ಪತ್ರೆಯ ದೃಶ್ಯಗಳು ನಿದ್ದೆ ಕೆಡಿಸುತ್ತವೆ.

ಯುದ್ಧ ಇದ್ದರೆ ಕಥೆ ಇರುತ್ತದೆ, ನಮ್ಮ ಮನೆಯಲ್ಲಿ ಎಂಥ ಕಥೆ ಮಾರಾಯ್ರೆ ಅಂತ ಕೇಳುವವರಿಗೆ ಅಮೆರಿಕದ ಅಲನ್ ಬರ್ಲಿನರ್ ಅವರ ‘ನೋಬಡೀಸ್ ಬಿಸಿನೆಸ್’ ಉಂಟು. 1996ರದ್ದು. ತನ್ನ ತಂದೆ ಆಸ್ಕರ್ ಅವರನ್ನು ಮಗ ಕ್ಯಾಮೆರಾ ಎದುರು ಕೂರಿಸುತ್ತಾನೆ. ತಂದೆಗೆ ಮನಸ್ಸೇ ಇಲ್ಲ. ನಾನು ಸಾಮಾನ್ಯ ಮನುಷ್ಯ, ನನ್ನ ಬದುಕಿನಲ್ಲಿ ಏನೂ ಇಲ್ಲ, ಇದನ್ನು ಯಾರು ನೋಡುತ್ತಾರೆ ಅಂತ ಚಿತ್ರದ ಉದ್ದಕ್ಕೂ ಗೊಣಗುತ್ತಾರೆ. ಮಗ ಬಿಡುವುದಿಲ್ಲ. ಆ ಜಗ್ಗಾಟವೇ ಒಂದು ಗಂಟೆಯ ಚಿತ್ರ. ಯುದ್ಧವೂ ಇಲ್ಲ, ಸಾವೂ ಇಲ್ಲ. ಆದರೆ ನೋಡುತ್ತಾ ಇದ್ದರೆ ನಮ್ಮ ಉಪ್ಪಂದಿರೇ ಕಣ್ಣೆದುರು ಬರುತ್ತಾರೆ.

ನಮ್ಮ ಮನೆಗಳು ತೆರೆಗೆ ಬರಲಿಲ್ಲ ಅಂತಲ್ಲ. 2011ರ ‘ಬ್ಯಾರಿ’ ಮರಾಠಿಯ ‘ದೇವುಳ್’ ಜತೆ ಅತ್ಯುತ್ತಮ ಕಥಾಚಿತ್ರದ ರಾಷ್ಟ್ರೀಯ ಪ್ರಶಸ್ತಿ ಹಂಚಿಕೊಂಡದ್ದು ನಮ್ಮೆಲ್ಲರಿಗೂ ನೆನಪುಂಟು. ನಮ್ಮ ಭಾಷೆಗೆ ಅಷ್ಟು ದೊಡ್ಡ ಗೌರವ ಬಂದ ದಿನ ಅದು. ಆದರೆ ನಿರ್ದೇಶಕ ಸುವೀರನ್ ಕೇರಳದವರು, ಚಿತ್ರ ಕಥಾಚಿತ್ರ. ಒಳಗಿನಿಂದ ‘ನಾನು’ ಎಂದು ಹೇಳಿದ್ದು ಪುಸ್ತಕದಲ್ಲಿ. ಕಾಸರಗೋಡಿನಲ್ಲಿ ಹುಟ್ಟಿ ಮಂಗಳೂರಿನಲ್ಲಿ ಬಾಳಿದ ಸಾರಾ ಅಬೂಬಕ್ಕರ್ ‘ಹೊತ್ತು ಕಂತುವ ಮುನ್ನ’ ಎಂದು ತಮ್ಮ ಆತ್ಮಕಥೆ ಬರೆದರು. ಅವರು ಬರೆಯಲು ಶುರು ಮಾಡಿದಾಗ ಎಷ್ಟು ಮಾತು ಕೇಳಬೇಕಾಯಿತು ಎಂಬುದು ಹಿರಿಯ ಓದುಗರಿಗೆ ಗೊತ್ತುಂಟು. 2023ರ ಜನವರಿಯಲ್ಲಿ ಅವರು ತೀರಿಕೊಂಡಾಗ ಹಿಂದೆ ಬೈದವರೂ ಹೊಗಳಿದರು. ಬೇಸರದ ನಗು ಬಂತು, ಅಷ್ಟೇ.

ಈಗ ಕ್ಯಾಮೆರಾ ಎಲ್ಲರ ಜೇಬಿನಲ್ಲಿ ಉಂಟು. ಮದುವೆಯ ವಿಡಿಯೋ ಇಲ್ಲದ ಮನೆ ಇಲ್ಲ. ಆದರೆ ಮದುವೆಯ ವಿಡಿಯೋದಲ್ಲಿ ಬಿರಿಯಾನಿ ಉಂಟು, ಚಿನ್ನ ಉಂಟು, ಹಾಡು ಉಂಟು. ಆ ಚಿನ್ನ ಹೇಗೆ ಬಂತು ಎಂಬುದು ಇಲ್ಲ. ಅದನ್ನು ಕೇಳಬೇಕಾದರೆ ಬೇರೆ ರೀತಿಯಲ್ಲಿ ಕೂರಬೇಕು. ಇದು ಬಾಯಿಮಾತಲ್ಲ, ನಮ್ಮದೇ ಕುಟುಂಬದಲ್ಲಿ ಈಗ ನಡೆಯುತ್ತಿರುವ ವಿಷಯ.

ನಮ್ಮ ಊರಿನ ಮನೆಯನ್ನು ಈ ಮಳೆಗಾಲ ಕಳೆದ ಮೇಲೆ ತೆಗೆಯುವುದು ಅಂತ ಮಾತಾಗಿದೆ. ಅದನ್ನು ಮಣಿಪಾಲಕ್ಕೆ ಒಯ್ಯುವವರು ಯಾರೂ ಇಲ್ಲ; ಅಷ್ಟು ಚಂದದ ಮನೆ ಏನಲ್ಲ ಅದು. ಹಂಚಿನ ಮಾಡು, ಸಗಣಿ ತೆಗೆದು ಆಮೇಲೆ ಕಾವಿ ಹಾಕಿದ ನೆಲ, ಹಿಂದೆ ಬಾವಿ. ಇಲ್ಲಿ ವಿದ್ಯಾನಗರದಲ್ಲಿ ನಮ್ಮ ಜತೆಗಿದ್ದು ಓದುವ ಹುಡುಗಿ ಒಬ್ಬಳಿದ್ದಾಳೆ, ಸಂಬಂಧದಲ್ಲಿ ಮಗಳಾಗಬೇಕು. ಮನೆ ತೆಗೆಯುವ ಮೊದಲು ಅದರ ಚಿತ್ರ ಮಾಡುತ್ತೇನೆ ಅಂದಳು. ರಜೆಯಲ್ಲಿ ಹೋಗಿ ಉಮ್ಮಾಮನ ಎದುರು ಫೋನ್ ಇಟ್ಟಳು. ಉಮ್ಮಾಮ ಮೊದಲು ಹೇಳಿದ್ದು, ‘ನನ್ನ ಮುಖ ಬೇಡ ಮೋಳೆ, ಮಾತು ಬೇಕಾದರೆ ತಗೋ.’

ಹುಡುಗಿಗೆ ನಿರಾಸೆ ಆಯಿತು. ನಮಗೆ ಹಾಗನ್ನಿಸಲಿಲ್ಲ. ಇಂಥ ಚಿತ್ರಗಳಲ್ಲಿ ಮುಖ ಇರಲೇಬೇಕು ಅಂತ ಕಾನೂನಿಲ್ಲ. ಕೈ ತೋರಿಸಬಹುದು, ಬಾವಿಕಟ್ಟೆ ತೋರಿಸಬಹುದು, ಹಂಚಿನ ಸಂದಿಯಲ್ಲಿ ಬೀಳುವ ಬಿಸಿಲು ತೋರಿಸಬಹುದು. ಅದರ ಮೇಲೆ ಸ್ವರ ಕೇಳಿದರೆ ಸಾಕು. ಹೊರಗಿನ ಕ್ಯಾಮೆರಾದವರಾದರೆ ಬೇಡ ಅಂದವರ ಮುಖವನ್ನೂ ಕದ್ದು ತೆಗೆದಾರು. ಮೊಮ್ಮಗಳು ಹಾಗೆ ಮಾಡುವ ಹಾಗಿಲ್ಲ. ಫೋನ್ ಮಡಚಿ ಟವೆಲಿನ ಮೇಲೆ ಇಟ್ಟು ಬರೀ ಸ್ವರ ತೆಗೆದಳು.

ಎರಡು ದಿನದಲ್ಲಿ ಉಮ್ಮಾಮ ಹೇಳಿದ್ದರಲ್ಲಿ ಹೆಚ್ಚಿನದ್ದು ಬೀಡಿಯ ವಿಷಯ. ಮೊದಲು ಮುಳಿಹುಲ್ಲಿನ ಮಾಡು ಇತ್ತಂತೆ. ಹಂಚು ಹಾಕಿದ್ದು ಬೀಡಿ ಕಟ್ಟಿದ ದುಡ್ಡಿನಲ್ಲಿ. ಮಡಿಲಲ್ಲಿ ಸೂಪು, ಅದರಲ್ಲಿ ಎಲೆ, ಹೊಗೆಸೊಪ್ಪು, ನೂಲು. ಚಿಮಿಣಿ ದೀಪದ ಬೆಳಕಿನಲ್ಲಿ ರಾತ್ರಿ ಹನ್ನೊಂದರವರೆಗೆ. ಬ್ರಾಂಚಿಗೆ ಕೊಂಡುಹೋದಾಗ ಸರಿಯಿಲ್ಲ ಅಂತ ಕಟ್ಟು ಕಟ್ಟಾಗಿ ತಳ್ಳಿ ಹಾಕುತ್ತಿದ್ದರಂತೆ, ಅದರ ದುಡ್ಡು ಇಲ್ಲ, ಎಲೆಯ ಲೆಕ್ಕ ಮಾತ್ರ ಮನೆಯವರ ತಲೆಗೆ. ಮೂರು ಹೆಣ್ಣುಮಕ್ಕಳೂ ಶಾಲೆ ಬಿಟ್ಟು ಕಟ್ಟಲು ಕೂತರು. ಗಂಡುಮಕ್ಕಳು ಓದಿದರು. ಒಬ್ಬ ಗಲ್ಫಿಗೆ ಹೋದ ಮೇಲೆ ಸೂಪು ಅಟ್ಟಕ್ಕೆ ಹೋಯಿತು. ಈಗಲೂ ಅಲ್ಲೇ ಉಂಟು.

ಸೂಪಿನ ವಿಷಯ ಕೇಳಿ ಗಲ್ಫಿನಲ್ಲಿರುವ ಮಾಮನಿಂದ ಹುಡುಗಿಗೆ ಫೋನ್ ಬಂತು. ಮನೆಯ ಚಿತ್ರ ತೆಗೆ, ಬೇಡ ಅನ್ನುವುದಿಲ್ಲ. ಆದರೆ ಬೀಡಿ ಕಟ್ಟಿದ್ದನ್ನೆಲ್ಲ ಯಾಕೆ ಹೇಳುವುದು? ನಮ್ಮ ಮಕ್ಕಳಿಗೆ ಸಂಬಂಧ ನೋಡುವ ಕಾಲ. ಅವರ ಮಾತನ್ನು ತಳ್ಳಿಹಾಕುವಂತಿಲ್ಲ. ಅವರು ಕೂಡ ಆ ಮನೆಯವರೇ, ಆ ಕಥೆಯಲ್ಲಿ ಅವರ ಪಾಲೂ ಉಂಟು. ಓದು ಬಿಟ್ಟ ತಂಗಿಯರ ಹೆಸರು ಬಂದಾಗ ಓದಿದ ಅಣ್ಣನಿಗೆ ಹೇಗಾದೀತು ಅಂತ ನಾವೂ ಯೋಚಿಸಿದೆವು. ಆದರೆ ಕಟ್ಟಿದವರು ಅವರಲ್ಲ. ಕಟ್ಟಿದವರು ಹೇಳಲಿಕ್ಕೆ ತಯಾರಿರುವಾಗ ಕಟ್ಟದವರು ಬೇಡ ಅನ್ನಬಹುದೇ? ನಮ್ಮ ಅಭಿಪ್ರಾಯ ಕೇಳಿದರೆ, ಬೀಡಿ ತೆಗೆದರೆ ಆ ಚಿತ್ರದಲ್ಲಿ ಹಂಚು ಮಾತ್ರ ಉಳಿಯುತ್ತದೆ. ಹುಡುಗಿಯ ಉಮ್ಮ, ಅಂದರೆ ಆ ಮೂವರಲ್ಲಿ ನಡುವಿನವಳು, ಈವರೆಗೆ ಆ ಕಡೆಗೂ ಇಲ್ಲ ಈ ಕಡೆಗೂ ಇಲ್ಲ. ಅಡುಗೆ ಕೋಣೆಯಿಂದ ಕೇಳಿಸಿಕೊಳ್ಳುತ್ತಾಳೆ, ಹೊರಗೆ ಬರುವುದಿಲ್ಲ.

ಸ್ವಂತ ಮನೆಯ ಚಿತ್ರ ಮಾಡುವವರಲ್ಲಿ ಕೆಲವರು ಒಂದು ಕ್ರಮ ಇಟ್ಟುಕೊಂಡಿರುತ್ತಾರೆ. ಹೊರಗಿನವರಿಗೆ ತೋರಿಸುವ ಮೊದಲು ಒಳಗಿನವರನ್ನು ಕೂರಿಸಿ ಕಚ್ಚಾ ಚಿತ್ರ ತೋರಿಸುವುದು, ಯಾರಿಗೆ ಎಲ್ಲಿ ನೋವಾಗುತ್ತದೆ ಅಂತ ನೋಡುವುದು. ತೆಗೆಯಬೇಕೋ ಇಡಬೇಕೋ ಎಂಬುದು ಆಮೇಲಿನ ತೀರ್ಮಾನ. ನಾವು ಹುಡುಗಿಗೆ ಅದನ್ನೇ ಹೇಳಿದ್ದು. ಅದುವರೆಗೆ ಒಂದು ತುಂಡನ್ನೂ ಸ್ಟೇಟಸ್‌ಗೆ ಹಾಕಬಾರದು, ಫ್ಯಾಮಿಲಿ ಗ್ರೂಪಿಗೂ ಬೇಡ. ಎಲ್ಲವನ್ನೂ ಎರಡು ಕಡೆ ಇಡಬೇಕು, ಫೋನ್ ಬಿದ್ದು ಒಡೆದರೆ ಉಮ್ಮಾಮನ ಸ್ವರ ಮತ್ತೆ ಸಿಗುವುದಿಲ್ಲ.

ಮಾಮ ನವೆಂಬರಿನಲ್ಲಿ ಊರಿಗೆ ಬರುತ್ತಾರೆ. ಹಂಚು ಇಳಿಸುವುದಕ್ಕೆ ಮೊದಲ ಶುಕ್ರವಾರ ಜುಮುಅ ಕಳೆದ ಮೇಲೆ ಎಲ್ಲರೂ ಆ ಮನೆಯಲ್ಲೇ ಕೂತು ನೋಡುವುದು ಅಂತ ಆಗಿದೆ. ಅಲ್ಲಿ ಕರೆಂಟು ಕಿತ್ತು ಹಾಕಿ ಎರಡು ವರ್ಷ ಆಯಿತು. ಪಕ್ಕದ ಮನೆಯವರು ವಯರ್ ಎಳೆದು ಕೊಡುತ್ತೇವೆ ಅಂದಿದ್ದಾರೆ. ಉಮ್ಮಾಮ ಸೂಪನ್ನು ಅಟ್ಟದಿಂದ ಇಳಿಸಿ ಒರೆಸಿ ಇಡಲು ಹೇಳಿದ್ದಾರಂತೆ.